ಗಿರಣಿ ನಿಂತಾಗ ಕೇಳಿದ್ದು

ಸಿಟ್ಟಿನ ವಿಷಯ ಹೇಳುತ್ತಿದ್ದೆ. ಸಿಟ್ಟು ಕೆಟ್ಟದ್ದು ಅಂತ ಗೊತ್ತಿಲ್ಲದವರು ಈ ಸಭೆಯಲ್ಲಿ ಯಾರಾದರೂ ಇದ್ದರೆ ಕೈ ಎತ್ತಿ ನೋಡೋಣ. ನೋಡಿ, ಒಂದು ಕೈಯೂ ಏಳಲಿಲ್ಲ. ಎಲ್ಲರಿಗೂ ಗೊತ್ತು. ಹಾಗಾದರೆ ಇವತ್ತು ಸಂಜೆ ಇಲ್ಲಿಗೆ ಹೊರಡುವಾಗ ‘ಇನ್ನಾ ಎಷ್ಟೊತ್ತು ಸೀರಿ ಉಡತಿ?’ ಅಂತ ಹೊಸ್ತಿಲಲ್ಲಿ ನಿಂತು ಕೂಗಿದವರು ಯಾರು? ‘ಚಾಳೀಸು ಮೂಗಿನ ಮ್ಯಾಲ ಐತಿ, ಮನಿ ತುಂಬ ಏನ ಹುಡಕತೀರಿ?’ ಅಂತ ಒಳಗಿನಿಂದ ಗದರಿದವರು ಯಾರು? ಬೇಡ ಬೇಡ, ಈಗ ಕೈ ಎತ್ತಬೇಡಿ. ಮನೆಗೆ ಹೋಗಬೇಕಲ್ಲ ನೀವು.

ಇದಕ್ಕೊಂದು ದೃಷ್ಟಾಂತ ಇದೆ, ಕೇಳಿ.

ಒಂದೂರಲ್ಲಿ ಒಂದು ಹಿಟ್ಟಿನ ಗಿರಣಿ ಇತ್ತು. ಗಿರಣಿ ಇದ್ದ ಮೇಲೆ ಗಿರಣಿಯವ ಇರಬೇಕಲ್ಲ, ಇದ್ದ. ಅವನಿಗೆ ಗುರುಪಾದಪ್ಪ ಅಂತ ಹೆಸರಿಡೋಣ. ಇಲ್ಲಿ ಗುರುಪಾದಪ್ಪನವರು ಯಾರಾದರೂ ಇದ್ದರೆ ಬೇಜಾರು ಮಾಡಿಕೊಳ್ಳಬೇಡಿ. ಅವನು ನೀವಲ್ಲ, ನಿಮ್ಮ ಪಕ್ಕದಲ್ಲಿ ಕೂತವರು.

ಗುರುಪಾದಪ್ಪ ಒಳ್ಳೆಯವನು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಇನ್ನು ಸ್ವಲ್ಪ ಹೊತ್ತಿಗೆ ನೀವೆಲ್ಲ ಅವನನ್ನು ಬೈಯುತ್ತೀರಿ. ವಯಸ್ಸಾದವರು ಬೀಸಿಕೊಂಡು ಹೋಗಲು ಬಂದರೆ ಹಿಟ್ಟಿನ ಡಬ್ಬಿಯನ್ನು ತಾನೇ ಹೊತ್ತು ಅವರ ಮನೆಯ ಕಟ್ಟೆಯ ಮೇಲೆ ಇಟ್ಟು ಬರುತ್ತಿದ್ದ. ಒಬ್ಬರ ಹಿಟ್ಟಿನಲ್ಲಿ ಇನ್ನೊಬ್ಬರದು ಒಂದು ಹಿಡಿ ಬೆರೆಯಲು ಬಿಟ್ಟವನಲ್ಲ. ಊರಲ್ಲಿ ಯಾರು ತೀರಿಕೊಂಡರೂ ಗಿರಣಿ ಬಂದ್ ಮಾಡಿ ಹೆಗಲು ಕೊಡಲು ಮುಂದೆ ನಿಲ್ಲುತ್ತಿದ್ದ. ಕೈ ಬಂಗಾರದಂಥದ್ದು. ಬಾಯಿ ಮಾತ್ರ ಕೆಂಡ.

ಆ ಕೆಂಡ ಯಾರ ಮೇಲೆ ಬೀಳುತ್ತಿತ್ತು? ಊರವರ ಮೇಲೆ ಬೀಳುತ್ತಿತ್ತೇ? ಇಲ್ಲ. ಊರವರಿಗೆಲ್ಲ ‘ಬರ್ರಿ ಯಕ್ಕಾ, ಕೂಡ್ರಿ ಕಾಕಾ, ನೀರು ಕುಡೀತೀರೇನು?’ ಆ ಕೆಂಡವೆಲ್ಲ ಹೆಂಡತಿ ದಾನಮ್ಮನಿಗೆ ಮೀಸಲು. ನಾವೂ ಹಾಗೆಯೇ ಅಲ್ಲವೇ? ಹೊರಗಿನವರಿಗೆ ನಗು, ಮನೆಯವರಿಗೆ ಹುಬ್ಬು ಗಂಟು. ಒಳ್ಳೆಯ ತಟ್ಟೆಯನ್ನು ಬೀಗರಿಗೆ ಇಟ್ಟು, ಸೀಳು ಬಿಟ್ಟ ತಟ್ಟೆಯಲ್ಲಿ ಮನೆಯವರಿಗೆ ಬಡಿಸಿದ ಹಾಗೆ.

ದಾನಮ್ಮ ದಿನವೂ ಮಧ್ಯಾಹ್ನ ಬುತ್ತಿ ತರುತ್ತಿದ್ದಳು. ಅವನು ಉಂಡ ಮೇಲೆ ಸಂಜೆಯವರೆಗೆ ಗಿರಣಿಯಲ್ಲೇ ಇದ್ದು ಕಾಳು ಸುರಿಯುವುದು, ಹಿಟ್ಟು ತುಂಬಿಕೊಡುವುದು ಮಾಡುತ್ತಿದ್ದಳು. ಒಂದು ದಿನ ಪಲ್ಯಕ್ಕೆ ಉಪ್ಪು ಕಡಿಮೆಯಾಗಿತ್ತು. ಇವನು ರೊಟ್ಟಿ ಸಮೇತ ಬುತ್ತಿಯ ಗಂಟನ್ನು ಎತ್ತಿ ಒಗೆದ. ಅದು ಹೋಗಿ ಮೂಲೆಯ ಹಿಟ್ಟಿನ ಧೂಳಿನಲ್ಲಿ ಬಿತ್ತು. ದಾನಮ್ಮ ಅದನ್ನು ಎತ್ತಿಕೊಂಡಳು, ಧೂಳು ಜಾಡಿಸಿದಳು, ಮತ್ತೆ ಗಂಟು ಕಟ್ಟಿದಳು. ಕಟ್ಟಿ, ಸಣ್ಣ ದನಿಯಲ್ಲಿ ಒಂದು ಮಾತು ಹೇಳಿದಳು.

“ಪಂಚಮಿಗಿ ಅಣ್ಣ ಕರಿಯಾಕ ಬರತಾನ. ವರ್ಷಾ ವರ್ಷಾ ಹೋಗತೀನಿ, ಹಬ್ಬಾ ಮುಗಿಸಿ ಬರತೀನಿ. ಈ ಸಲ ತಿರುಗಿ ಬರೂದು ಬಿಡೂದು ನಿಮ್ಮ ಬಾಯಿ ಮ್ಯಾಲ ಐತ್ರಿ. ಅಲ್ಲೀತನಕ ನೋಡತೀನಿ.”

ಅಷ್ಟೇ. ಕೂಗಲಿಲ್ಲ, ಅಳಲಿಲ್ಲ. ಅವಳು ಅತ್ತಿದ್ದರೆ ಇವನು ಇನ್ನೊಂದು ಸಲ ರೇಗಿ ಮರೆತುಬಿಡುತ್ತಿದ್ದ. ಅಳದೆ ಹೇಳಿದಳಲ್ಲ, ಅದು ಎದೆಯಲ್ಲಿ ಕೂತಿತು. ಅವಳು ಹೇಳಿದ ಮಾತಿನಂತೆ ನಡೆಯುವವಳು ಅಂತ ಅವನಿಗೆ ಗೊತ್ತಿತ್ತು. ಅವಳಿಲ್ಲದ ಮನೆಯನ್ನು ನೆನೆಸಿಕೊಂಡ. ಒಲೆಯ ಮುಂದೆ ಯಾರೂ ಇಲ್ಲ, ಹೊತ್ತು ಮುಳುಗುವಾಗ ದೀಪ ಹಚ್ಚುವವರಿಲ್ಲ, ‘ಬಂದ್ರೇನು?’ ಅಂತ ಒಳಗಿನಿಂದ ಕೇಳುವವರಿಲ್ಲ. ಗುರುಪಾದಪ್ಪನಿಗೆ ನಿಜಕ್ಕೂ ಹೆದರಿಕೆಯಾಯಿತು. ಹೆದರಿಕೆಯಾದದ್ದು ಒಳ್ಳೆಯದೇ ಆಯಿತು ಬಿಡಿ.

ಅವತ್ತಿನಿಂದ ಶಾಂತನಾಗಿರಲು ಹೊರಟ. ಪಾಪ, ಮನಸ್ಸಿಟ್ಟೇ ಹೊರಟ. ಯಾರೋ ಹೇಳಿದರು, ಬಾಯಲ್ಲಿ ಬೆಲ್ಲ ಇಟ್ಟುಕೊಂಡರೆ ಮಾತು ಸಿಹಿಯಾಗುತ್ತದೆ ಅಂತ. ಇಟ್ಟುಕೊಂಡ. ಸಿಟ್ಟು ಬಂದ ಕೂಡಲೇ ಬೆಲ್ಲವನ್ನು ಕಟಕಟ ಕಡಿದು ನುಂಗಿ, ಬಾಯಿ ಖಾಲಿ ಮಾಡಿಕೊಂಡು ಬೈದ. ಇನ್ನೊಬ್ಬರು ಹೇಳಿದರು, ಸಿಟ್ಟು ಬಂದರೆ ಎದ್ದು ಹೊರಗೆ ಹೋಗಬೇಕು ಅಂತ. ಹೋದ. ಬೇವಿನ ಗಿಡದ ಕೆಳಗೆ ನಿಂತು ಉಸಿರು ಬಿಡುತ್ತಿದ್ದಾಗ ಇಲ್ಲಿ ಗಿರಣಿಯಲ್ಲಿ ಕಾಳು ತೀರಿ, ಕಲ್ಲಿಗೆ ಕಲ್ಲು ಉಜ್ಜಿ, ಸುಟ್ಟ ವಾಸನೆ ಎದ್ದು, ಸರದಿಯಲ್ಲಿದ್ದ ಹೆಂಗಸರೆಲ್ಲ ‘ಯಪ್ಪಾ, ಬಾರೋ!’ ಅಂತ ಕೂಗಿಕೊಂಡರು. ಒಳಗೆ ಓಡಿಬಂದವನು ಸುಟ್ಟ ಕಲ್ಲಿನ ಸಿಟ್ಟನ್ನೂ ದಾನಮ್ಮನ ಮೇಲೆಯೇ ತೀರಿಸಿಕೊಂಡ.

ಆಮೇಲೆ ಅವನಿಗೊಂದು ಉಪಾಯ ಹೊಳೆಯಿತು. ಗಿರಣಿಯವರಿಗೆ ಮಾತ್ರ ಹೊಳೆಯುವಂಥ ಉಪಾಯ. ಗಿರಣಿ ನಡೆಯುವಾಗ ಎಷ್ಟು ಸದ್ದು ಅಂತ ನಿಮಗೆ ಗೊತ್ತು. ಮೋಟರಿನ ಗುಂಯ್ ಗುಂಯ್, ಮೋಟರಿಗೂ ಕಲ್ಲಿಗೂ ಬಿಗಿದ ಪಟ್ಟಾದ ಚಟಚಟ, ಕಲ್ಲಿನ ಗರಗರ. ಪಕ್ಕದಲ್ಲಿ ನಿಂತವರು ಕೂಗಿದರೂ ಕಿವಿಗೆ ಬೀಳುವುದಿಲ್ಲ. ಗುರುಪಾದಪ್ಪ ಯೋಚಿಸಿದ: ಮನೆಯಲ್ಲಿ ಬೈದರೆ ಕೇಳುತ್ತದೆ. ಗಿರಣಿ ನಡೆಯುವಾಗ ಬೈದರೆ ಯಾರಿಗೆ ಕೇಳುತ್ತದೆ? ಕೇಳದ ಮೇಲೆ ಬೈದ ಹಾಗೆ ಹೇಗಾಯಿತು?

ನೋಡಿ ಎಂಥ ಲೆಕ್ಕ! ಮನೆಯಲ್ಲಿ ತುಟಿ ಬಿಗಿದುಕೊಂಡು ಸನ್ಯಾಸಿಯ ಹಾಗೆ ಕೂತುಬಿಟ್ಟ. ಪಲ್ಯಕ್ಕೆ ಉಪ್ಪಿಲ್ಲದಿದ್ದರೂ ಸುಮ್ಮನೆ, ಜಳಕದ ನೀರು ಕಾಯದಿದ್ದರೂ ಸುಮ್ಮನೆ. ಓಣಿಯವರು ‘ಗುರುಪಾದಪ್ಪ ಸುಧಾರಿಸಿದ ನೋಡ್ರಿ’ ಅಂದರು. ಮಾರನೆಯ ದಿನ ಗಿರಣಿಯಲ್ಲಿ ದಾನಮ್ಮ ತಂದ ಬುತ್ತಿ ಉಂಡು, ಸ್ವಿಚ್ ಹಾಕಿ, ಮೋಟರು ಜೋರು ಹಿಡಿದ ಮೇಲೆ ಹಿಂದಿನ ದಿನದ್ದೆಲ್ಲ ಸೇರಿಸಿ ಶುರು. ಉಪ್ಪಿನದು, ನೀರಿನದು, ಅವಳ ನಡಿಗೆಯದು, ಅವಳ ತವರಿನದು. ಬೈದು ಬೈದು ಎದೆ ಹಗುರ ಮಾಡಿಕೊಂಡು, ಸಂಜೆ ಮತ್ತೆ ಸನ್ಯಾಸಿಯಾಗಿ ಮನೆಗೆ ಹೋಗುತ್ತಿದ್ದ.

ಅವನಿಗೆ ಒಂದು ಮಾತು ಮರೆತುಹೋಗಿತ್ತು. ಗಿರಣಿಯಲ್ಲಿ ವರ್ಷಗಟ್ಟಲೆ ಕೆಲಸ ಮಾಡಿದವರಿಗೆ ಕಿವಿ ಬೇಕಾಗುವುದಿಲ್ಲ. ಗಿರಾಕಿಗಳು ‘ಸಣ್ಣಗ ಬೀಸು’, ‘ಅದು ಗೋಧಿ, ಇದು ಜೋಳ’ ಅನ್ನುವುದನ್ನೆಲ್ಲ ಅವರು ತುಟಿ ನೋಡಿಯೇ ತಿಳಿಯುತ್ತಾರೆ. ದಾನಮ್ಮನಿಗೆ ಗಂಡನ ತುಟಿಯ ಮೇಲಿನ ಒಂದೊಂದು ಬೈಗುಳವೂ ಚೊಕ್ಕವಾಗಿ ತಿಳಿಯುತ್ತಿತ್ತು.

ಅವನೂ ಗಿರಣಿಯವನೇ, ಅವನಿಗೆ ಅವಳ ತುಟಿ ತಿಳಿಯುತ್ತಿರಲಿಲ್ಲವೇ ಅಂತ ನೀವು ಕೇಳಬಹುದು. ತಿಳಿಯುತ್ತಿರಲಿಲ್ಲ. ಯಾಕೆ? ತುಟಿ ತಿಳಿಯಬೇಕಾದರೆ ಮೊದಲು ಮುಖ ನೋಡಬೇಕು. ಗಿರಾಕಿಗಳ ಮುಖ ನೋಡುತ್ತಿದ್ದ. ಹೆಂಡತಿಯ ಮುಖವನ್ನು ನೆಟ್ಟಗೆ ನೋಡಿ ಎಷ್ಟು ಕಾಲವಾಗಿತ್ತೋ! ಬೈಯುವಾಗಲೂ ಕಲ್ಲಿನ ಕಡೆ ನೋಡಿಕೊಂಡೇ ಬೈಯುತ್ತಿದ್ದ. ಓರೆಗಣ್ಣಿಗೆ ಕಾಣುತ್ತಿದ್ದದ್ದು ಒಂದೇ: ತಾನು ಶುರು ಮಾಡಿದ ಕೂಡಲೇ ಅವಳ ತುಟಿಯೂ ಅಲ್ಲಾಡಲು ಶುರುವಾಗುತ್ತಿತ್ತು. ‘ಓಹೋ, ಇಕಿನೂ ತಿರುಗಿ ಬೈಯಾಕ ಹತ್ಯಾಳ!’ ಅಂದುಕೊಂಡ. ಅವಳ ತುಟಿ ಅಲ್ಲಾಡಿದಷ್ಟೂ ಇವನ ಸಿಟ್ಟು ಏರಿತು.

ಹಬ್ಬ ಹತ್ತಿರ ಬಂತು. ಪಂಚಮಿ ಅಂದರೆ ನಿಮಗೆ ಗೊತ್ತು, ಉಂಡಿ ಕಟ್ಟಬೇಕು, ತಂಬಿಟ್ಟು ಮಾಡಬೇಕು, ಊರಿನ ಕಡಲೆಬೇಳೆಯೆಲ್ಲ ಗಿರಣಿಗೆ ಬರುತ್ತದೆ. ಬಾಗಿಲಿನಿಂದ ಬೀದಿಯವರೆಗೆ ಡಬ್ಬಿಗಳ ಸಾಲು, ಡಬ್ಬಿಯ ಹಿಂದೆ ಹೆಂಗಸರ ಸಾಲು. ಆ ಸಾಲಿನ ಹಿಂದೆ, ಅದೇ ಹೊತ್ತಿಗೆ ಬಸ್ಸಿಳಿದು ಬಂದ ಒಬ್ಬ ಗಂಡಸು ಕೈಯಲ್ಲಿ ಸೀರೆಯ ಗಂಟು ಹಿಡಿದು ನಿಂತಿದ್ದ. ದಾನಮ್ಮನ ಅಣ್ಣ. ತಂಗಿಯನ್ನು ಕರೆಯಲು ಬಂದಿದ್ದ. ಒಳಗೆ ಗಂಡ ಹೆಂಡತಿ ಇಬ್ಬರೂ ಅವನನ್ನು ನೋಡಿರಲಿಲ್ಲ.

ದಾನಮ್ಮನಿಂದ ಅವತ್ತು ಒಂದು ತಪ್ಪಾಯಿತು. ಯಾರದೋ ಕಡಲೆಬೇಳೆ ಬೀಸಿ ಮುಗಿದಿತ್ತು. ಕಲ್ಲಿನಲ್ಲಿ ಉಳಿದ ಹಿಟ್ಟು ಪೂರ್ತಿ ಇಳಿಯುವ ಮೊದಲೇ, ಅವಸರದಲ್ಲಿ, ಸಾಲಿನ ಮುಂದಿದ್ದ ಕಲ್ಲವ್ವಜ್ಜಿಯ ಜೋಳವನ್ನು ಮೇಲೆ ಸುರಿದುಬಿಟ್ಟಳು. ಜೋಳದ ಹಿಟ್ಟಿಗೆ ಕಡಲೆ ಹಿಟ್ಟು ಬೆರೆತರೆ ರೊಟ್ಟಿ ಬಡಿಯಲು ಬಂದೀತೇ? ಒಬ್ಬರ ಹಿಟ್ಟಿಗೆ ಇನ್ನೊಬ್ಬರದು ಬೆರೆಯಬಾರದು ಅನ್ನುವುದೇ ಗುರುಪಾದಪ್ಪನ ಮರ್ಯಾದೆ. ಅವನ ಕಣ್ಣು ಕೆಂಪಾಯಿತು. ಮೋಟರು ಜೋರಾಗಿ ನಡೆದಿತ್ತು. ಯಾರಿಗೂ ಕೇಳುವುದಿಲ್ಲ ಅನ್ನುವ ಧೈರ್ಯ ಬೇರೆ. ಕೈ ನೀಡಿ ನೀಡಿ ಬೈಯತೊಡಗಿದ. ದಾನಮ್ಮ ತಲೆ ತಗ್ಗಿಸಿಕೊಂಡು ಹಿಟ್ಟು ಸರಿಸುತ್ತಿದ್ದಳು. ಅವಳ ತುಟಿಗಳೂ ಅಲ್ಲಾಡುತ್ತಿದ್ದವು.

ಕರೆಂಟು ಹೋಯಿತು.

ಹೇಳಿ ಕೇಳಿ ಹೋಗುತ್ತದೆಯೇ ಅದು? ಬಲ್ಬು ಆರಿತು, ಮೋಟರು ಉಸಿರು ಬಿಟ್ಟಿತು, ಪಟ್ಟಾ ಸಡಿಲಾಯಿತು, ಕಲ್ಲು ನಿಂತಿತು. ಗಿರಣಿಯ ತುಂಬ ಒಮ್ಮೆಲೇ ನಿಶ್ಶಬ್ದ. ಆದರೆ ಬಾಯಿಗೆ ಸ್ವಿಚ್ ಇಲ್ಲವಲ್ಲ! ಗಂಡನ ಬಾಯೂ ನಿಂತಿರಲಿಲ್ಲ, ಹೆಂಡತಿಯ ಬಾಯೂ ನಿಂತಿರಲಿಲ್ಲ. ಆ ನಿಶ್ಶಬ್ದದಲ್ಲಿ ಇಬ್ಬರ ಮಾತುಗಳೂ ಒಟ್ಟಿಗೆ ಹೊರಗೆ ಬಿದ್ದವು.

ಅವನ ಮಾತು: “...ನಿಮ್ಮಪ್ಪನ ಮನ್ಯಾಗ ಯಾರಿಗಿ ಒಂದು ಕೆಲಸಾ ನೆಟ್ಟಗ ಬರತಿತ್ತು? ಅಪ್ಪ ಅಂದ್ರ ಅಪ್ಪ ಅಂವಾ! ಕೆಲಸಗೇಡಿ!”

ಅವಳ ಮಾತು: “...ನಮ್ಮಪ್ಪಗ ಮಗ ಆದವರು ಇವರು. ಅಣ್ಣ ದೂರದ ಊರಾಗಿದ್ದಾಗ, ಗಿರಣಿ ಬಂದ್ ಮಾಡಿ ಬಂದು, ನಮ್ಮಪ್ಪನ ತಲಿ ತೊಡಿ ಮ್ಯಾಲ ಇಟಗೊಂಡು, ಕಡೀಗಾಲಕ್ಕ ಬಾಯಾಗ ನೀರು ಬಿಟ್ಟವರು ಇವರು.”

ಹಿಟ್ಟಿನ ಧೂಳು ಗಾಳಿಯಲ್ಲಿ ಸಾವಕಾಶ ಇಳಿಯುತ್ತಿತ್ತು. ಗುರುಪಾದಪ್ಪ ನೀಡಿದ ಕೈಯನ್ನು ಹಿಂದೆ ತೆಗೆದುಕೊಳ್ಳುವುದನ್ನೂ ಮರೆತು ನಿಂತಿದ್ದ. ತಾನು ಯಾವ ಅಪ್ಪನನ್ನು ಬೈಯುತ್ತಿದ್ದನೋ ಅದೇ ಅಪ್ಪನ ಹೆಸರಿನಲ್ಲಿ ಅವಳು ತನ್ನನ್ನು ಹೊಗಳುತ್ತಿದ್ದಳು. ಇಷ್ಟು ದಿನ ಆ ತುಟಿಗಳ ಮೇಲೆ ಇದ್ದದ್ದು ಇದೇ? ತಾನು ಬೈಗುಳ ಅಂದುಕೊಂಡಿದ್ದು ಇದನ್ನೇ? ಅಲ್ಲೇ ಜೋಳದ ಚೀಲದ ಮೇಲೆ ಕುಸಿದು ಕೂತ.

ಆಗ ಸಾಲು ಸರಿಸಿಕೊಂಡು ಅಣ್ಣ ಮುಂದೆ ಬಂದ. ಅವನನ್ನು ಕಂಡು ದಾನಮ್ಮನ ಮುಖ ಬಿಳಿಚಿಕೊಂಡಿತು. ಇನ್ನು ಮುಗಿಯಿತು, ಹೊಡೆದಾಟವೇ ಆಗುತ್ತದೆ ಅಂದುಕೊಂಡರು ಎಲ್ಲರೂ. ಅಣ್ಣ ತಂಗಿಯ ಗಂಡನ ಎದುರಿಗೆ ಬಂದು ನಿಂತ.

“ಬೀಗರೇ, ನಿಮ್ಮ ಮಾತು ಕೇಳಿ ನಿಮ್ಮ ಮ್ಯಾಲ ಕೈ ಎತ್ತಬೇಕು ಅನಿಸ್ತು. ತಂಗಿ ಮಾತು ಕೇಳಿ ನಿಮ್ಮ ಕಾಲಿಗಿ ಬೀಳಬೇಕು ಅನಿಸ್ತು. ಯಾವುದು ಮಾಡ್ಲಿ, ನೀವ ಹೇಳ್ರಿ.”

ಗುರುಪಾದಪ್ಪ ಹೆಗಲ ಮೇಲಿನ ವಸ್ತ್ರದಿಂದ ಮುಖ ಮುಚ್ಚಿಕೊಂಡ. ಅಣ್ಣನೇ ಮುಂದೆ ಹೇಳಿದ: “ಅಪ್ಪ ಹೋದಾಗ ನಾ ಇರಲಿಲ್ಲ. ನೀವು ಇದ್ರಿ. ಇಷ್ಟು ವರ್ಷಾದ್ರೂ ನಿಮಗ ಒಂದು ಮಾತು ಹೇಳಿಲ್ಲ ನಾನು. ನಂದೂ ತಪ್ಪ ಐತಿ.”

ಗುರುಪಾದಪ್ಪ ಮುಖದ ಮೇಲಿನ ವಸ್ತ್ರ ತೆಗೆದು ಹೆಂಡತಿಯ ಕಡೆ ತಿರುಗಿದ. ಹಿಟ್ಟು ಮೆತ್ತಿದ ಮುಖದ ಮೇಲೆ ಕಣ್ಣೀರು ಹರಿದು ಗೆರೆ ಮೂಡಿತ್ತು. ಬಹಳ ಕಾಲದ ಮೇಲೆ ಅವಳ ಮುಖವನ್ನು ನೆಟ್ಟಗೆ ನೋಡಿದ.

“ದಾನಮ್ಮಾ, ದಿನಾ ಇದ ಅಂತಿದ್ದೆ ಏನು ನೀನು?”

“ಇದ ಅಂತಲ್ರಿ, ಒಂದೊಂದು ದಿನಾ ಒಂದೊಂದು. ನನಗೂ ಸಿಟ್ಟು ಬರತೈತಿ. ನಾನೂ ನಮ್ಮಪ್ಪನ ಮಗಳ. ತಿರುಗಿ ಬೈದ್ರ ನನ್ನ ಮನಿ ನಾನ ಮುರಕೊಂಡಂಗ. ಅದಕ್ಕ, ನೀವು ಬೈಯಾಕ ಹತ್ತಿದ್ರ ನೀವು ಮಾಡಿದ ಒಂದು ಉಪಕಾರ ನೆನಸಿ ಬಾಯಿಬಿಟ್ಟು ಹೇಳಕೋತಿದ್ದೆ. ಅಂದ್ರ ನನ್ನ ಬಾಯಾಗ ಬ್ಯಾರೇ ಮಾತಿಗಿ ಜಾಗ ಇರೂದಿಲ್ಲ.”

“ಮತ್ತ ನನಗ ಒಂದ ದಿನಾ ಹೇಳಲಿಲ್ಲಲ್ಲ?”

“ಗಿರಣಿ ನಿಲ್ಲಿಸಿ ಒಂದ ದಿನಾ ಕೇಳಿದ್ರೇನು ನೀವು?”

ಕರೆಂಟು ಬಂತು. ಬಲ್ಬು ಹತ್ತಿಕೊಂಡಿತು. ಸಾಲಿನಲ್ಲಿ ಯಾರೂ ‘ಚಾಲೂ ಮಾಡಪಾ’ ಅನ್ನಲಿಲ್ಲ. ಕಲ್ಲವ್ವಜ್ಜಿ ಮಾತ್ರ ತನ್ನ ಜೋಳದಲ್ಲಿ ಕಡಲೆ ಹಿಟ್ಟು ಬೆರೆತಿದ್ದನ್ನೂ ಮರೆತು, ಮೇಲಿನ ತಂತಿಯ ಕಡೆ ನೋಡಿ ಕೈ ಮುಗಿದಳು: “ಕರೆಂಟ ತಗದ ಆ ಮನಷಾನ ಹೊಟ್ಟಿ ತಣ್ಣಗಿರಲಿ!” ಕರೆಂಟು ತೆಗೆದವನಿಗೆ ಆಶೀರ್ವಾದ ಸಿಕ್ಕಿದ್ದು ಲೋಕದಲ್ಲಿ ಅದೇ ಮೊದಲು ಇರಬೇಕು.

ದಾನಮ್ಮ ಅಣ್ಣನ ಜೊತೆ ಹಬ್ಬಕ್ಕೆ ಹೊರಟಳು. ಬಸ್ಸಿನ ಹತ್ತಿರ ಗುರುಪಾದಪ್ಪ ಅವಳ ಗಂಟು ಹಿಡಿದು ನಿಂತಿದ್ದ. ‘ತಿರುಗಿ ಬರತಿ ಏನು?’ ಅಂತ ಕೇಳಬೇಕು, ಕೇಳಲು ಬಾಯಿ ಬರಲಿಲ್ಲ. ಯಾವ ಮುಖ ಇಟ್ಟುಕೊಂಡು ಕೇಳಿಯಾನು? ಅದು ಅವಳಿಗೆ ಅರ್ಥವಾಯಿತು. ತುಟಿ ತಿಳಿದವಳಲ್ಲವೇ!

“ಸಿಟ್ಟ ಬರಬಾರದು ಅನ್ನಂಗಿಲ್ರಿ ನಾನು. ಬರಲಿ. ಬೈಬೇಕು ಅನಿಸ್ತು ಅಂದ್ರ ಮೊದಲ ಗಿರಣಿ ನಿಲ್ಲಸ್ರಿ. ನಿಲ್ಲಿಸಿ ನನ್ನ ಮಾರಿ ನೋಡ್ರಿ. ನೋಡಿದ ಮ್ಯಾಲೂ ಬೈಯೂದು ಉಳಿದಿದ್ರ ಬೈರಿ. ಹಂಗ ಆಗತೈತಿ ಅಂದ್ರ ಬರತೀನಿ.”

ನಡೆಯುವ ಗಿರಣಿಯನ್ನು ನಿಲ್ಲಿಸುವುದು ಸಣ್ಣ ಕೆಲಸ ಅಂದುಕೊಳ್ಳಬೇಡಿ. ಕಾಳು ತುಂಬಿದ ಕಲ್ಲು ನಿಂತರೆ ಕಚ್ಚಿಕೊಂಡು ಕೂತುಬಿಡುತ್ತದೆ. ಕಾಳು ತೆಗೆಯಬೇಕು, ಕಲ್ಲು ಸಡಿಲಿಸಬೇಕು, ಆಮೇಲೆ ಮತ್ತೆ ಶುರು ಮಾಡಬೇಕು. ಇಷ್ಟು ಕಷ್ಟಪಟ್ಟು ಬೈಯುವಂಥದ್ದು ದಿನಕ್ಕೆ ಎಷ್ಟು ಇರುತ್ತದೆ, ಹೇಳಿ?

ಹಬ್ಬ ಮುಗಿಯಿತು. ಗುರುಪಾದಪ್ಪ ಪ್ರತಿ ಬಸ್ಸಿಗೂ ಬಾಗಿಲಿಗೆ ಬಂದು ನಿಲ್ಲುತ್ತಿದ್ದ, ಒಳಗೆ ಹೋಗುತ್ತಿದ್ದ. ಒಂದು ಮಧ್ಯಾಹ್ನ ಗಿರಣಿ ಭರ್ತಿ ನಡೆದಿತ್ತು. ಸಾಲಿನಲ್ಲಿ ಹೆಂಗಸರಿದ್ದರು. ಬಾಗಿಲಲ್ಲಿ ದಾನಮ್ಮ ಬಂದು ನಿಂತಳು, ಕಂಕುಳಲ್ಲಿ ಉಂಡಿಯ ಡಬ್ಬಿ. ಗುರುಪಾದಪ್ಪ ಅವಳನ್ನು ನೋಡಿದ, ಕೈ ಚಾಚಿ ಗಿರಣಿ ನಿಲ್ಲಿಸಿಬಿಟ್ಟ. ಕಲ್ಲಿನಲ್ಲಿ ಕಾಳು ಇರುವಾಗಲೇ! ಬಸ್ಸಿನ ಹತ್ತಿರ ದಾನಮ್ಮ ಹಾಕಿದ ಷರತ್ತು ಊರಿಗೆಲ್ಲ ತಿಳಿದಿತ್ತು, ಸಾಲಿನವರಿಗೆ ಗಾಬರಿಯಾಯಿತು. ಬಂದ ಕೂಡಲೇ ಶುರು ಮಾಡಿದನಲ್ಲಪ್ಪಾ ಅಂತ ಕಲ್ಲವ್ವಜ್ಜಿ ಹಣೆ ಬಡಿದುಕೊಂಡಳು.

ಗುರುಪಾದಪ್ಪ ಎಲ್ಲರಿಗೂ ಕೇಳುವ ಹಾಗೆ ಹೇಳಿದ: “ನಾ ಜ್ವರಾ ಬಂದು ಮಲಗಿದಾಗ, ಸೆರಗ ಕಟಗೊಂಡು ಈ ಪಟ್ಟಾ ಏರಿಸಿ ಗಿರಣಿ ನಡಸಿದಾಕಿ ಇಕಿ. ನಮ್ಮವ್ವಗ ಕಣ್ಣು ಕಾಣದಂಗಾದಾಗ ಕೈ ಹಿಡದು ತಿರಗಸಿದಾಕಿ ಇಕಿ. ನಾ ಒಗದ ಬುತ್ತಿ ಎತ್ತಿ, ಧೂಳ ಜಾಡಿಸಿ, ಮತ್ತ ನನಗ ಉಣ್ಣಾಕ ಕೊಟ್ಟಾಕಿ ಇಕಿ.”

ದಾನಮ್ಮನಿಗೆ ನಾಚಿಕೆಯಾಯಿತು. ಸೆರಗು ಬಾಯಿಗೆ ಒತ್ತಿಕೊಂಡು, “ಸಾಕ್ರಿ, ಚಾಲೂ ಮಾಡ್ರಿ. ಮಂದಿ ಕೇಳಾಕ ಹತ್ಯಾರ,” ಅಂದಳು.

“ಕೇಳಲಿ. ಬೈದದ್ದು ಕೇಳ್ಯಾರಲ್ಲ, ಇದನ್ನೂ ಕೇಳಲಿ,” ಅಂದ ಗುರುಪಾದಪ್ಪ.

ಕಥೆ ಇಷ್ಟೇ. ಈಗ ನಿಮ್ಮ ಕಡೆ ಬರುತ್ತೇನೆ.

ತಾಯಂದಿರೇ, ಬೈಸಿಕೊಳ್ಳುತ್ತ ಕೂತಿರಿ ಅಂತ ಈ ಕಥೆ ಹೇಳಿದೆ ಅಂದುಕೊಳ್ಳಬೇಡಿ. ದಾನಮ್ಮ ಕೂತಿರಲಿಲ್ಲ, ಗಡುವು ಕೊಟ್ಟಿದ್ದಳು. ಮಾತು ಬದಲಾಗದಿದ್ದರೆ ಬರುವುದಿಲ್ಲ ಅಂತ ಹೇಳುವ ಗಟ್ಟಿತನ ಅವಳಿಗಿತ್ತು. ಆದರೂ ನಾನು ಅವಳದೂ ಒಂದು ತಪ್ಪು ಹೇಳುತ್ತೇನೆ, ಕೇಳಿ. ಅವನು ಬೈಗುಳವನ್ನು ಗಿರಣಿಯ ಸದ್ದಿನಲ್ಲಿ ಮುಚ್ಚಿಟ್ಟ. ಅವಳು ಉಪಕಾರದ ನೆನಪನ್ನೂ ಅದೇ ಸದ್ದಿನಲ್ಲಿ ಮುಚ್ಚಿಟ್ಟಳು. ಮುಚ್ಚಿಟ್ಟ ಬೈಗುಳ ಅವಳಿಗೆ ಮುಟ್ಟಿತು. ಮುಚ್ಚಿಟ್ಟ ಉಪಕಾರ ಸ್ಮರಣೆ ಅವನಿಗೆ ಮುಟ್ಟಿತೇ? ಇಲ್ಲ! ನೋಡಿ ಇದು ಎಂಥ ಅನ್ಯಾಯ. ಕೆಟ್ಟ ಮಾತನ್ನು ಎಷ್ಟು ಅಡಗಿಸಿದರೂ ಅದು ದಾರಿ ಹುಡುಕಿಕೊಂಡು ಹೋಗುತ್ತದೆ. ಒಳ್ಳೆಯ ಮಾತನ್ನು ಮಾತ್ರ ನಾವೇ ಕೈ ಹಿಡಿದು ಕರೆದುಕೊಂಡು ಹೋಗಿ ಮುಟ್ಟಿಸಬೇಕು.

ನಿಮ್ಮ ಮನೆಯಲ್ಲಿ ಗಿರಣಿ ಇಲ್ಲ ಅನ್ನಬೇಡಿ. ಇದೆ. ಟಿವಿ ನಡೆಯುತ್ತಿರುತ್ತದೆ, ಮಿಕ್ಸರು ತಿರುಗುತ್ತಿರುತ್ತದೆ, ಕೈಯಲ್ಲಿ ಮೊಬೈಲು ಹಾಡುತ್ತಿರುತ್ತದೆ. ಆ ಸದ್ದಿನ ನಡುವೆಯೇ ಒಂದು ಮಾತು ಒಗೆಯುತ್ತೀರಿ, ಮುಖ ನೋಡದೆ ಒಗೆಯುತ್ತೀರಿ. ಆ ಕಡೆಯವರ ತುಟಿ ಅಲ್ಲಾಡಿದರೆ ‘ಓಹೋ, ಬೈತಾ ಇದ್ದಾರೆ’ ಅಂದುಕೊಳ್ಳುತ್ತೀರಿ. ಅವರು ಏನು ಹೇಳುತ್ತಿದ್ದಾರೆ ಅಂತ ಎಂದಾದರೂ ನಿಲ್ಲಿಸಿ ಕೇಳಿದ್ದೀರಾ?

ನಾಳೆಯಿಂದ ಇಷ್ಟು ಮಾಡಿ. ಸಿಟ್ಟು ಬಂದಾಗ ಮೊದಲು ಸದ್ದು ನಿಲ್ಲಿಸಿ. ಟಿವಿ ಆರಿಸಿ, ಮೊಬೈಲು ಕೆಳಗಿಡಿ, ಎದ್ದು ಎದುರಿಗೆ ಹೋಗಿ ಮುಖ ನೋಡಿ. ನಿಮಗಾಗಿ ಒಲೆಯ ಮುಂದೆ ಬೆಂದ ಮುಖ, ನಿಮಗಾಗಿ ಬಿಸಿಲಲ್ಲಿ ತಿರುಗಿದ ಮುಖ. ಅದನ್ನು ನೋಡುತ್ತ ಬೈಯಲು ಸಾಧ್ಯವಾದರೆ ಬೈಯಿರಿ, ನಾನು ಬೇಡ ಅನ್ನುವುದಿಲ್ಲ. ಸಾಧ್ಯವಾಗದಿದ್ದರೆ, ಅವರು ನಿಮಗೆ ಮಾಡಿದ ಒಂದು ಉಪಕಾರವನ್ನು ಬಾಯಿಬಿಟ್ಟು ಹೇಳಿ. ಮನಸ್ಸಿನಲ್ಲಿ ನೆನೆದರೆ ಸಾಲದು. ಗಟ್ಟಿಯಾಗಿ, ಅವರಿಗೆ ಕೇಳುವ ಹಾಗೆ ಹೇಳಿ. ಮಕ್ಕಳು ಕೇಳಿದರೆ ಇನ್ನೂ ಒಳ್ಳೆಯದು. ಬೈದದ್ದನ್ನು ಅವರು ಕೇಳಿದ್ದಾರಲ್ಲ.

ನಾಳೆಯಿಂದ ಅಂದೆನಲ್ಲ, ಅದು ತಪ್ಪು. ನಾಳೆ ಅಂದರೆ ನೀವು ಮರೆಯುತ್ತೀರಿ. ಗಂಡಸರು ಈ ಕಡೆ ಕೂತಿದ್ದೀರಿ, ಹೆಣ್ಣುಮಕ್ಕಳು ಆ ಕಡೆ ಕೂತಿದ್ದೀರಿ. ಹೊರಗೆ ಚಪ್ಪಲಿ ಹುಡುಕುವಾಗ ಇಬ್ಬರೂ ಸಿಗುತ್ತೀರಿ. ‘ಎಲ್ಲಿ ಬಿಟ್ಟಿದ್ದೆ, ಎಷ್ಟೊತ್ತು’ ಅಂತ ಜಗಳ ಶುರುವಾಗುವುದು ಅಲ್ಲಿಯೇ. ಇವತ್ತು ಅಲ್ಲಿ ಒಂದು ಕ್ಷಣ ನಿಂತು, ಮುಖ ನೋಡಿ, ಒಂದೇ ಒಂದು ಉಪಕಾರ ಹೇಳಿ. ಚಪ್ಪಲಿ ಆಮೇಲೆ ಸಿಗುತ್ತದೆ.

ಇಷ್ಟು ಹೊತ್ತು ಈ ಮೈಕಿನ ಸದ್ದಿನಲ್ಲಿ ನಿಮ್ಮ ಪಕ್ಕದವರ ಉಸಿರೂ ನಿಮಗೆ ಕೇಳಿಸಿಲ್ಲ. ಈಗ ನಾನು ನನ್ನ ಗಿರಣಿ ನಿಲ್ಲಿಸುತ್ತೇನೆ. ನೀವು ಮಾತಾಡಿ.